ಪಾವಣೆ ಅಕರಾ ಇಂಚಿನ ಕೋಲು

೧ ಜನವರಿ ೧೯೬೧, ಗಡಹಿಂಗ್ಲಜ

ಬೆಲ್ಲದ ಅಡತಿಯವರು ವರ್ಷವೆಲ್ಲ ತೂಕದಲ್ಲಿ ಹೊಡೆದದ್ದಕ್ಕೆ ಪ್ರಾಯಶ್ಚಿತ್ತವೆಂಬಂತೆ ಈ ಡೈರಿ ಕೊಟ್ಟಿದ್ದಾರೆ. ಕೆಂಪು ರಟ್ಟು, ಮೇಲೆ ಗಣಪತಿ. ಪುಟಕ್ಕೊಂದು ತಾರೀಖು. ಬರೆಯದೆ ಬಿಟ್ಟರೆ ಕಾಗದ ಹಾಳು. ಈ ಪೇಟೆಯಲ್ಲಿ ನನ್ನಂಥ ದುಂಡಗಿನ ಅಕ್ಷರ ಯಾರಿಗೂ ಇಲ್ಲ ಎಂಬುದು ಬೇರೆ ಮಾತು. ಕನ್ನಡದಲ್ಲೇ ಬರೆಯುತ್ತೇನೆ. ಓಣಿಯವರೆಲ್ಲ ಮರಾಠಿ ಶಾಲೆಯವರು. ಇಣುಕಿ ನೋಡಿದರೂ ಜಿಲೇಬಿ ಅಂದುಕೊಂಡಾರು.

ನಾನು ಸಾತಪ್ಪ. ಅಜ್ಜನ ಊರಿನ ಕನ್ನಡ ಶಾಲೆಯಲ್ಲಿ ಐದನೆಯ ಇಯತ್ತೆ. "ನಿನಗೆ ಕಲಿಸುವಂಥದ್ದು ನನ್ನ ಹತ್ತಿರ ಇನ್ನೇನೂ ಉಳಿದಿಲ್ಲ" ಎಂದು ಮಾಸ್ತರರೇ ಮನೆಗೆ ಕಳಿಸಿದರು. ಆಗ ಅವರ ಕೈಯಲ್ಲಿ ಬೆತ್ತ ಇತ್ತು ಎಂಬುದನ್ನು ಬರೆಯುವ ಅಗತ್ಯವಿಲ್ಲ.

ಮನೆಯಲ್ಲಿ ಈಗ ಮೂವರು. ನಾನು, ಹೆಂಡತಿ ಗುರುಸಿದ್ದವ್ವ, ಇಂದುಬಾಯಿ. ಇಂದು ನಮ್ಮ ಅಣ್ಣನ ಮಗನ ಹೆಂಡತಿ. ಅಣ್ಣ, ವೈನಿ ಕಾಲರಾದಲ್ಲಿ ಹೋದಾಗ ಹುಡುಗನಿಗೆ ಮೂರು ವರ್ಷ. ನಮಗೆ ಮಕ್ಕಳಾಗಲಿಲ್ಲ, ಅವನೇ ಆದ. ದೊಡ್ಡವನಾಗಿ ಇಚಲಕರಂಜಿಯಲ್ಲಿ ಮಗ್ಗ ನಡೆಸುತ್ತಿದ್ದ. ದಸರೆಗೆ ಮುಂಚೆ ಕಾಮಾಲೆಯಾಗಿ ಮನೆಗೆ ಬಂದ. ಹೋದ. ಆ ಮಾತು ಮುಗಿದಿದೆ.

ಇಂದುಬಾಯಿ ಏಪ್ರಿಲ್‌ನಲ್ಲಿ ಏಳನೆಯ ಇಯತ್ತೆಯ ಫೈನಲ್ ಪರೀಕ್ಷೆಗೆ ಹೊರಗಿನಿಂದ ಕೂಡುವವಳು. ತವರು ಸಂಕೇಶ್ವರದ ಕಡೆ, ಕಲಿತದ್ದು ಕನ್ನಡ, ಪರೀಕ್ಷೆ ಮರಾಠಿ. ಪಾಸಾದರೆ ಕೊಲ್ಹಾಪುರದಲ್ಲಿ ಟ್ರೇನಿಂಗು, ಆಮೇಲೆ ಶಾಲೆಯ ಬಾಯಿ, ಅಂದರೆ ಮಾಸ್ತರಿಣಿ. ನಪಾಸಾದರೆ ಅವಳ ಅಣ್ಣ ಅಲ್ಲಪ್ಪ ಕರೆದೊಯ್ದು ಜಯಸಿಂಗಪುರದ ಒಬ್ಬ ವ್ಯಾಪಾರಿಗೆ ಉಡಿಕೆ ಮಾಡಿಕೊಡುತ್ತಾನೆ. ಮರುಮದುವೆ ನಮ್ಮಲ್ಲಿ ಹೊಸದಲ್ಲ. ಆದರೆ ಆ ವ್ಯಾಪಾರಿಗೆ ನನ್ನಷ್ಟು ವಯಸ್ಸು, ಅವನ ಮಗಳಿಗೆ ಇಂದೂನಷ್ಟು. ಇಂದೂಗೆ ಬೇಡ. ಬಾಯಿಬಿಟ್ಟು ಹೇಳಿದ್ದಾಳೆ.

ಗಣಿತ ಹೇಳಿಕೊಡುತ್ತಿದ್ದವನು ಹುಡುಗ. ತ್ರಿಕೋಣದ ಪ್ರಕರಣ ತೆಗೆಯುವ ಹೊತ್ತಿಗೆ ಮಲಗಿದ. ಇನ್ನು ನಾನಿದ್ದೇನೆ. ತ್ರಿಕೋಣ ಏನು ಮಹಾ, ಮೂರು ಗೆರೆ.

೪ ಜನವರಿ

ಮೊದಲ ಲೆಕ್ಕ. ತ್ರಿಕೋಣದ ಪರಿಮಿತಿ, ಅಂದರೆ ಸುತ್ತಳತೆ, ಮೂವತ್ತಾರು ಫೂಟು. ಎರಡನೆಯ ಬಾಜು ಮೊದಲನೆಯದರ ದುಪ್ಪಟ್ಟು. ಮೂರನೆಯದು ಮೊದಲನೆಯದಕ್ಕಿಂತ ನಾಲ್ಕು ಫೂಟು ಹೆಚ್ಚು. ಎಲ್ಲ ಬಾಜು ಕಂಡುಹಿಡಿ.

"ಕಾಕಾರ, ಇಲ್ಲೆ ಬಾಜೂ ಅಂದ್ರ ಏನ್ರಿ?"

"ಬಾಜೂ ಅಂದ್ರ ಬಾಜೂನವ್ವಾ. ಬಾಜೂ ಮನಿ ಅಂತೀವಲ್ಲ? ತ್ರಿಕೋಣದ ಬಾಜೂ ಮನಿಯವರು ಯಾರ್ಯಾರ ಅಂತ ಕೇಳ್ಯಾರ."

ಗುರುಸಿದ್ದವ್ವ ಒಲೆಯ ಮುಂದಿನಿಂದ, "ಬಾಜೂ ಮನಿಯವರ ಮೂವತ್ತಾರ ಫೂಟ ಅದಾರೇನ್ರಿ?" ಎಂದಳು.

ಇಂದು ನಗಲಿಲ್ಲ. ಮೊದಲಾದರೆ ಸೆರಗು ಬಾಯಿಗೊತ್ತಿ ನಗುತ್ತಿದ್ದಳು. ಕೊನೆಗೆ ನಾನೇ ಹೇಳಿದೆ: ನಮ್ಮ ಕನ್ನಡ ಪುಸ್ತಕದಲ್ಲಿ ಭುಜ ಎನ್ನುತ್ತಿದ್ದರಲ್ಲ, ಅದೇ. ತ್ರಿಭುಜ. ಮೂರು ಹೆಗಲು.

ಅವಳು ನೀರು ತರಲು ಎದ್ದಾಗ ಪುಸ್ತಕದ ಹಿಂದಿನ ಹಾಳೆ ನೋಡಿಕೊಂಡೆ. ಬಂದ ಕೂಡಲೆ ಕಣ್ಣು ಮುಚ್ಚಿ, ಮೂಗು ಹಿಡಿದು, "ಎಂಟು, ಹದಿನಾರು, ಹನ್ನೆರಡು" ಎಂದೆ.

"ಹೆಂಗ ಬಂತ್ರಿ?"

"ಬಂತು."

"ಬಂದ ದಾರಿ ಬರೀಬೇಕಂತ್ರಿ ಪರೀಕ್ಷಾದಾಗ."

ಉತ್ತರ ಕೈಯಲ್ಲಿದ್ದರೂ ದಾರಿ ಸಿಗಲಿಲ್ಲ. ಎಮ್ಮೆ ಹಿಂಡುವ ಹೊತ್ತಿನವರೆಗೆ ಕೂತೆ. ಮೊದಲನೆಯದು ಒಂದು ಪಾಲು, ಎರಡನೆಯದು ಎರಡು ಪಾಲು, ಮೂರನೆಯದು ಒಂದು ಪಾಲಿನ ಮೇಲೆ ನಾಲ್ಕು. ನಾಲ್ಕು ತೆಗೆದಿಡು, ಮೂವತ್ತೆರಡು, ಪಾಲು ನಾಲ್ಕು, ಒಂದಕ್ಕೆ ಎಂಟು. ಬೆವರು ಬಂತು. ಇಂದೂಗೆ ಮಾತ್ರ, "ನಿನ್ನ ಪರೀಕ್ಷಾ ಮಾಡಾಕತ್ತಿದ್ದೆ" ಎಂದು ಹೇಳಿದೆ.

೯ ಜನವರಿ

ಗೆರೆ ಎಳೆಯಲು ಫೂಟಪಟ್ಟಿ ಬೇಕಂತೆ. ಪೇಟೆಗೆ ಹೋಗುವವರು ಯಾರು? ಜಂತಿಯ ಸಂದಿಯಲ್ಲಿ ಒಂದು ಬಿದಿರಿನ ಕೋಲು ಇತ್ತು, ತೆಗೆದುಕೊಟ್ಟೆ. "ಇದ ಒಂದ ಫೂಟ" ಎಂದೆ. ಅಲ್ಲಿ ಯಾಕಿತ್ತು ಎಂದು ಅವಳು ಕೇಳಲಿಲ್ಲ. ಸುಮ್ಮನೆ ಕೂತಿತ್ತು. ಯಾರ ಕೈಗಾದರೂ ಬರಲಿ ಅನ್ನಿಸಿತು. ಬಿದಿರು ಬಿದಿರೇ.

ಈಗ ಪಡಸಾಲೆಯ ತುಂಬ ಖಡುವಿನಿಂದ, ಅಂದರೆ ಸೀಮೆಸುಣ್ಣದಿಂದ, ತ್ರಿಕೋಣ ಎಳೆಯುತ್ತಾಳೆ. ಮೂರು ಫೂಟು ಎಂದಿದ್ದರೆ ಮೂರು ಕೋಲಿನಷ್ಟೇ ಉದ್ದ ಎಳೆಯುತ್ತಾಳೆ. ನಾವು ದಾಟಿಕೊಂಡು ಓಡಾಡಬೇಕು. ಗುರುಸಿದ್ದವ್ವ ಉಡಾಳ ಹುಡುಗಿಯ ಹಾಗೆ ಕುಂಟಾಬಿಲ್ಲೆ ಹಾರಿ ಅಡುಗೆಮನೆಗೆ ಹೋಗುತ್ತಾಳೆ.

೧೬ ಜನವರಿ

ಗಾಣ ಶುರುವಾಗಿದೆ. ಮನೆಗೆ ಕಬ್ಬು ತಂದಿದ್ದೆ. ಪುಸ್ತಕದ ಲೆಕ್ಕಗಳು ಸಪ್ಪಗಿವೆ ಎಂದು ನಾನೇ ಒಂದು ಕಟ್ಟಿದೆ. "ಸಾತಪ್ಪನ ಹೊಲ ತ್ರಿಕೋಣ ಐತಿ. ಒಂದ ಬಾಜೂ ಹತ್ತು, ಇನ್ನೊಂದು ಇಪ್ಪತ್ತು, ಮತ್ತೊಂದು ನಲವತ್ತು. ಸುತ್ತ ಬೇಲಿ ಎಷ್ಟ ಬೇಕು?"

ಇಂದು ನೆಲದ ಮೇಲೆ ಮೂರು ಗೆರೆ ಎಳೆದು ನೋಡಿ, "ಇದ ಕೂಡೂದಿಲ್ರಿ" ಎಂದಳು.

"ಎಪ್ಪತ್ತ ಆಗೂದಿಲ್ಲೇನ?"

"ಎಪ್ಪತ್ತ ಆಗತೈತ್ರಿ. ತ್ರಿಕೋಣ ಆಗೂದಿಲ್ಲ."

ನನಗೆ ಸಿಟ್ಟು ಬಂತು. ಮೂರು ಕಬ್ಬು ತಂದು ಅಂಗಳದಲ್ಲಿ ಒಂದು ಕೋಲು, ಎರಡು ಕೋಲು, ನಾಲ್ಕು ಕೋಲಿನ ಅಳತೆಗೆ ಕಡಿದೆ. ದೊಡ್ಡದನ್ನು ನೆಲದ ಮೇಲೆ ಇಟ್ಟು ಅದರ ಎರಡು ತುದಿಗೆ ಸಣ್ಣವೆರಡನ್ನು ಹಚ್ಚಿದೆ. ಒಂದಕ್ಕೊಂದು ಮುಟ್ಟಲೇ ಇಲ್ಲ. ಎಳೆದೆ, ಬಗ್ಗಿಸಿದೆ. ಗುರುಸಿದ್ದವ್ವ ಸೊಂಟಕ್ಕೆ ಕೈಯಿಟ್ಟು ನೋಡುತ್ತಿದ್ದಳು. "ಉಳದ ಎರಡೂ ಕೂಡಿದ್ರೂ ಅದರಷ್ಟ ಆಗವೊಲ್ಲವು. ಹೆಂಗ ಮುಟ್ಟತಾವು?" ಎಂದಳು. ಶಾಲೆಯ ಮುಖ ನೋಡದವಳು.

ನಾನು ಸೋಲುವವನಲ್ಲ. ಅಲ್ಲೇ ಕೂತು ದೊಡ್ಡ ಕಬ್ಬನ್ನು ತುದಿಯಿಂದ ತಿನ್ನುತ್ತ ಬಂದೆ. ಅರ್ಧ ತಿಂದ ಮೇಲೆ ಮೂರೂ ಕೂಡಿದವು. "ನೋಡ್ರಿ, ಆತಿಲ್ಲ ತ್ರಿಕೋಣ!"

ಗುರುಸಿದ್ದವ್ವ ನಕ್ಕು ನಕ್ಕು ಕೂತುಬಿಟ್ಟಳು. ಆಮೇಲೆ ಸಿಪ್ಪೆ ಗುಡಿಸುತ್ತ, ತನ್ನಷ್ಟಕ್ಕೆ ಎಂಬಂತೆ, "ಹಂಗ ತಿಂದು ಸಣ್ಣದ ಮಾಡಾಕ ಬರೂದಿದ್ರ ಆಗಿತ್ತು" ಎಂದಳು. ಯಾವುದನ್ನು ಎಂದು ನಾನು ಕೇಳಲಿಲ್ಲ. ಹಲ್ಲು ನೋಯುತ್ತಿವೆ.

೩೦ ಜನವರಿ

ಇಂದುಬಾಯಿ ಬಾಜೂ ಮನೆಯಿಂದ ನಿಜವಾದ ಫೂಟಪಟ್ಟಿ ತಂದಿದ್ದಳು. ಕೋಲಿನ ಪಕ್ಕಕ್ಕೆ ಇಟ್ಟು ನೋಡಿ, "ಕಾಕಾರ, ನಿಮ್ಮ ಫೂಟು ಗಿಡ್ಡ ಐತ್ರಿ" ಎಂದಳು.

"ಅದು ಸಂಸ್ಥಾನದ ಫೂಟವ್ವಾ. ಮಹಾರಾಜರ ಕಾಲದ್ದು. ಈಗಿನ ಸರಕಾರದವರು ಉದ್ದ ಮಾಡ್ಯಾರ. ನಾಳೆ ಅದನ್ನೂ ತಗದು ಮೀಟರ್ ತರ್ತಾರಂತ."

ಅವಳು ಮತ್ತೊಮ್ಮೆ ಅಳೆದಳು. "ಪಾವಣೆ ಅಕರಾ" ಎಂದಳು, ಮರಾಠಿಯಲ್ಲಿ, ಮೆಲ್ಲಗೆ. ಫೂಟಪಟ್ಟಿಯನ್ನು ಆಗಲೇ ಹೋಗಿ ಕೊಟ್ಟು ಬಂದಳು. ಕೋಲನ್ನು ತನ್ನ ಹತ್ತಿರವೇ ಇಟ್ಟುಕೊಂಡಿದ್ದಾಳೆ.

ಈ ದಿನ ಆರು ಲೆಕ್ಕ ಬಿಡಿಸಿದಳು. ಒಂದಕ್ಕೂ ನನ್ನನ್ನು ಕೇಳಲಿಲ್ಲ.

೭ ಫೆಬ್ರವರಿ

ಎಸ್.ಟಿ. ಹಿಡಿದು ಇಚಲಕರಂಜಿಗೆ ಹೋಗಿ ಬಂದೆ. ಅವರಿಬ್ಬರು ಇದ್ದ ಖೋಲಿಯಲ್ಲಿ ಒಂದು ಟ್ರಂಕು, ಒಂದು ಕೊಡ, ಭೂಮಿತಿಯ ಇನ್ನೊಂದು ಪುಸ್ತಕ ಉಳಿದಿದ್ದವು. ಬಾಜೂ ಖೋಲಿಯ ಯಲಗೂರಪ್ಪ ಎಲ್ಲ ಕಾಯ್ದಿಟ್ಟಿದ್ದ. ವಿಜಾಪುರದ ಕಡೆಯವನು, ಹುಡುಗನ ಜೋಡಿ ಒಂದೇ ಪಾಳಿಯಲ್ಲಿ ಮಗ್ಗ ನಡೆಸುತ್ತಿದ್ದವನು. ಓಣಿಯಲ್ಲಿ ಮಗ್ಗದ ಖಟಖಟದಲ್ಲಿ ಮಾತು ಕೇಳಿಸುವುದಿಲ್ಲ. ಎಲ್ಲರೂ ಒದರಿಯೇ ಮಾತಾಡುತ್ತಾರೆ.

"ಹೊಸಾ ಬಾಡಗಿಯವರು ಬಂದಾರ್ರಿ ಯಜಮಾನ್ರ! ಗ್ವಾಡಿಗಿ ಸುಣ್ಣಾ ಬಳದೀವು! ಗ್ವಾಡಿ ತುಂಬ ಗೀಟ ಇದ್ದುವು!"

"ಎಂಥಾ ಗೀಟಪಾ?"

"ಲೆಕ್ಕದ್ದುರಿ! ಪಾಳಿ ಮುಗಿಸಿ ಬಂದಾಂವ ಅಕ್ಕಾರಿಗಿ ಕಲಸ್ತಿದ್ದ! ಅಂಗಿಗಿ ಹತ್ತಿದ ಹತ್ತೀನೂ ಜಾಡಸ್ತಿದ್ದಿಲ್ಲ!"

ಗೋಡೆ ಬೆಳ್ಳಗೆ ಇತ್ತು. ಸುಣ್ಣ ಚೆನ್ನಾಗಿ ಬಳಿದಿದ್ದಾರೆ. ಎರಡು ಕೈ.

ಯಲಗೂರಪ್ಪ ಕಟ್ಟೆಯ ಕೆಳಗಿನಿಂದ ಕೊಲ್ಹಾಪುರದ ಚಪ್ಪಲಿ ತೆಗೆದು ಇಟ್ಟ. "ಒಯ್ಯಿರಿ" ಎಂದ. ನೀನೇ ಹಾಕಿಕೋ ಎಂದರೆ, ತನಗೆ ಸಡಿಲ ಎಂದ. ನನಗೆ ಬಿಗಿಯಾಗುತ್ತವೆ ಎಂದು ಅಲ್ಲೇ ಬಿಟ್ಟು ಬಂದೆ. ಹಾಕಿ ನೋಡಲಿಲ್ಲ. ನೋಡುವ ಕಾರಣವೇ ಇಲ್ಲ. ನನ್ನ ಪಾದ ಹುಡುಗನದಕ್ಕಿಂತ ದೊಡ್ಡದು ಎಂದು ಇಪ್ಪತ್ತು ವರ್ಷದಿಂದ ಹೇಳುತ್ತ ಬಂದಿದ್ದೇನೆ. ಅವನು ಅಲ್ಲ ಎನ್ನುತ್ತಿದ್ದ.

ಆ ಚಪ್ಪಲಿಗೆ ಒಂದು ಕಥೆ. ಮದುವೆಯಾದ ವರ್ಷ ಇಂದೂನ್ನ ಕರೆದುಕೊಂಡು ಕೊಲ್ಹಾಪುರಕ್ಕೆ ಹೋಗಿದ್ದ. ಚಪ್ಪಲಿಯವನು ಪಾದ ಅಳೆದು ಒಳಗಿನವನಿಗೆ "ಪಾವಣೆ ಅಕರಾ!" ಎಂದು ಕೂಗಿದನಂತೆ. ಮರಾಠಿಯಲ್ಲಿ ಅದು ಕಾಲು ಕಡಿಮೆ ಹನ್ನೊಂದು. ನಮ್ಮ ಕಡೆ ಪಾವಣೆ ಎಂದರೆ ಮನೆಗೆ ಬಂದ ನೆಂಟರು ಕೂಡ. ಹುಡುಗ ಎದ್ದು ಕೈಮುಗಿದು, "ಹನ್ನೊಂದು ಮಂದಿ ಪಾವಣ್ಯಾರ ಎಲ್ಲೆ ಅದಾರ? ನಾವ ಇಬ್ಬರ ಬಂದೀವು" ಎಂದನಂತೆ. ಅಂಗಡಿಯವರೆಲ್ಲ ನಕ್ಕರಂತೆ. ಊಟಕ್ಕೆ ಕೂತಾಗಲೆಲ್ಲ ಇದನ್ನೇ ಹೇಳುತ್ತಿದ್ದ. ನನ್ನ ಮಾತಿನ ಗತ್ತು ಅವನಿಗೆ ಬಂದಿತ್ತು.

೮ ಫೆಬ್ರವರಿ

ಬರೆಯಲು ಏನೂ ಇಲ್ಲ.

೨೦ ಫೆಬ್ರವರಿ

ಇವತ್ತು ಆಗಬಾರದ್ದು ಆಯಿತು.

ಲೆಕ್ಕ ಸಮಭುಜ ತ್ರಿಕೋಣದ್ದು. ಮೂರೂ ಬಾಜು ಸಮ, ಒಂದೊಂದು ಮೂರು ಫೂಟು. ಇಂದುಬಾಯಿ ಕೋಲು ಹಿಡಿದು ನೆಲದ ಮೇಲೆ ಮೂರು, ಮೂರು, ಮೂರು ಎಳೆದಿದ್ದಳು. ಗುರುಸಿದ್ದವ್ವ ಹಿತ್ತಲಿನಿಂದ ಬಂದವಳು ಮೊದಲು ತ್ರಿಕೋಣ ನೋಡಿದಳು, ಆಮೇಲೆ ಕೋಲು. ಕೈಯಲ್ಲಿದ್ದ ಬುಟ್ಟಿ ಬಿತ್ತು.

"ಏನ್ರಿ, ಈ ಕೋಲ ಎಲ್ಲಿಂದ ಬಂತು? ತುದಿಗೆ ಕುಡಗೋಲಿನ ಕಚ್ಚ ಐತಿ. ನಮ್ಮ ಶಂಕರ್ಯಾನ ಪಾದಕ್ಕ ಹಿಡದು ನೀವ ಕೊಯ್ದ ಕೋಲಲ್ಲ ಇದು? ಇದನ್ನ ಹುಡುಗಿ ಕೈಯಾಗ ಕೊಟ್ಟೀರಿ?"

ಕೊಟ್ಟಿದ್ದೆ.

ನಮ್ಮವರಲ್ಲಿ ಸುಡುವುದಿಲ್ಲ. ಕೂಡಿಸಿ ಮಣ್ಣು ಕೊಡುತ್ತೇವೆ. ಹೂಳುವ ಕುಣಿಗೆ ಅಂಗಡಿಯ ಫೂಟು ನಡೆಯುವುದಿಲ್ಲ, ಹೋದವನ ಪಾದವೇ ಅಳತೆ. ಪಾದಕ್ಕೆ ಒಂದು ಕೋಲು ಹಿಡಿದು ಕತ್ತರಿಸುತ್ತಾರೆ. ಅದರಿಂದಲೇ ಒಂಬತ್ತು ಪಾದ ಉದ್ದ, ಐದು ಪಾದ ಅಗಲ ಎಂದು ಅಗೆಯುವುದು. ಒಳಗೆ, ಗೋಡೆಯಲ್ಲಿ, ಕೂಡಿಸಲು ಒಂದು ಗೂಡು. ಗೂಡು ತ್ರಿಕೋಣ. ಒಂದೊಂದು ಬಾಜು ಮೂರು ಪಾದ. ಲೆಕ್ಕದವನು ಸಾತಪ್ಪ ಎಂದು ಕೋಲು ನನ್ನ ಕೈಗೆ ಕೊಟ್ಟಿದ್ದರು. ಕೆಲಸ ಮುಗಿದ ಮೇಲೆ ಅದನ್ನೂ ಒಳಗೇ ಹಾಕಬೇಕು. ಮನೆಗೆ ಬಂದು ನೋಡಿದರೆ ಧೋತರದ ಗಂಟಿನಲ್ಲಿತ್ತು. ಹೊಳೆಗೆ ಬಿಡಲು ಒಮ್ಮೆ ಹೋದೆ, ಹಿರಣ್ಯಕೇಶಿಯಲ್ಲಿ ನೀರು ಬಹಳ ಇತ್ತು. ಇನ್ನೊಮ್ಮೆ ಹೋದೆ, ನೀರು ಕಡಿಮೆ ಇತ್ತು. ಜಂತಿಯಲ್ಲಿ ಇಟ್ಟೆ.

ಇಂದೂನೇ ಹೇಳಿದಳು. "ಬೈಬ್ಯಾಡ್ರಿ ಕಾಕೂ. ನನಗ ಫೂಟಪಟ್ಟಿ ತಂದ ದಿನಾನ ಗೊತ್ತಾಗೇತಿ."

ಕೋಲನ್ನು ಪುಸ್ತಕದ ಮೇಲಿಟ್ಟು ಒಳಗೆ ಹೋದಳು.

೨೧ ಫೆಬ್ರವರಿ

ಪುಸ್ತಕ ತೆಗೆಯಲಿಲ್ಲ.

೨೩ ಫೆಬ್ರವರಿ

ತೆಗೆಯಲಿಲ್ಲ. ಗುರುಸಿದ್ದವ್ವ ನನ್ನ ಜೋಡಿ ಮಾತಾಡುವುದಿಲ್ಲ. ತಾಟು ಇಡುತ್ತಾಳೆ, ಸಪ್ಪಳ ಮಾಡಿ.

೨೬ ಫೆಬ್ರವರಿ

ಅಲ್ಲಪ್ಪ ಬಂದಿದ್ದ. ಕೆಟ್ಟವನಲ್ಲ, ತಂಗಿಯ ಮೇಲೆ ಜೀವ ಇದೆ. ಇಂದುಬಾಯಿ ಪುಸ್ತಕ ಬಿಟ್ಟಿದ್ದಾಳೆ ಎಂದು ಯಾರೋ ಹೇಳಿರಬೇಕು. ಜಯಸಿಂಗಪುರದವರು ಕೊಟ್ಟ ಒಂದು ಸೀರೆಯೂ ಗಂಟಿನಲ್ಲಿತ್ತು.

"ಮಾವಾರ, ಆಕಿಗೆ ಯಾಕ ಸುಮ್ಮ ತ್ರಾಸ? ಮರಾಠೀದಾಗ ಬರಿಯೂದು, ಅದೂ ಗಣಿತ. ನಾ ಈಗ ಕರಕೊಂಡ ಹೊಕ್ಕೇನಿ."

"ಕರಕೊಂಡ ಹೋಗಪಾ. ಹೋಗೂದ್ರಾಗ ನನ್ನದೊಂದ ಲೆಕ್ಕ ಐತಿ. ಅದನ್ನ ಬಿಡಸು. ತ್ರಿಕೋಣದ ಹೊಲಾ. ಬಾಜೂ ಹತ್ತು, ಇಪ್ಪತ್ತು, ನಲವತ್ತು. ಬೇಲಿ ಎಷ್ಟ?"

ಅಲ್ಲಪ್ಪ ಬೆರಳು ಎಣಿಸಿ, "ಎಪ್ಪತ್ತು" ಎಂದ.

"ಆ ಹೊಲಾನ ಇಲ್ಲೋ ಹುಚ್ಚಪ್ಪಾ! ಎರಡ ಬಾಜೂ ಕೂಡಿದ್ರೂ ಮೂರನೇದನ್ನ ಮುಟ್ಟೂದಿಲ್ಲ. ಇಲ್ಲದ ಹೊಲಕ್ಕ ಬೇಲಿ ಹಾಕಾಕ ಬಂದಿ. ನಿನ್ನ ತಂಗಿ ಇದನ್ನ ಒಂದ ಕ್ಷಣದಾಗ ಹೇಳಿದಳು. ಇಂಥಾಕೀನ್ನ ತಕ್ಕಡಿ ಹಿಡ್ಯಾಕ ಕೂಡಸ್ತಿ?"

ಅವನು ಬಹಳ ಹೊತ್ತು ನೆಲದ ಮೇಲೆ ಬೆರಳಿನಿಂದ ಗೆರೆ ಎಳೆದು ನೋಡಿದ. ನಂತರ ಸೀರೆಯ ಗಂಟು ಕಟ್ಟಿಕೊಂಡು, ಪರೀಕ್ಷೆಯವರೆಗೆ ಬರುವುದಿಲ್ಲ, ಆದರೆ ನಪಾಸಾದರೆ ಮಾತು ಮಾತೇ ಎಂದು ಹೋದ.

ಇಂದು ಬಾಗಿಲ ಹಿಂದೆ ಕೇಳುತ್ತಿದ್ದಳು. ನಾನು ಗೆದ್ದೆ ಎಂದು ತಿರುಗಿ ನೋಡಿದೆ. ಅಲ್ಲಿರಲಿಲ್ಲ.

ಕೂತು ಯೋಚಿಸಿದರೆ ನನ್ನದೂ ಒಂದು ಲೆಕ್ಕ ಇದೆ. ಪಾಸಾದರೆ ಕೊಲ್ಹಾಪುರ. ನಪಾಸಾದರೆ ಜಯಸಿಂಗಪುರ. ಗಡಹಿಂಗ್ಲಜ ಯಾವ ಉತ್ತರದಲ್ಲೂ ಬರುವುದಿಲ್ಲ.

೪ ಮಾರ್ಚ್

ಮಧ್ಯಾಹ್ನ ಊಟವಾದ ಮೇಲೆ ಇಂದುಬಾಯಿ ಬಂದು ನಿಂತಳು. ಕೈಯಲ್ಲಿ ಕೋಲು, ಖಡು.

"ಕಾಕಾರ, ಗೂಡು ಹೆಂಗ ಮಾಡಿದ್ರಿ? ಹೇಳ್ರಿ."

ನಮ್ಮ ಮನೆತನದ ಹೆಂಗಸರು ರುದ್ರಭೂಮಿಗೆ ಬರುವುದಿಲ್ಲ. ಅವಳು ನೋಡಿಲ್ಲ. ಅಂಗಳದಿಂದ ಎತ್ತಿಕೊಂಡು ಹೋದದ್ದಷ್ಟೇ ಅವಳಿಗೆ ಗೊತ್ತು.

ಪುಸ್ತಕದ ಹಾಗೆ ಹೇಳಿದೆ. "ಒಂದು ತ್ರಿಕೋಣ. ತುದಿ ಮ್ಯಾಲ. ಮೂರೂ ಬಾಜೂ ಸಮ. ಒಂದೊಂದು ಮೂರ ಪಾದ. ಒಂದ ಪಾದ ಪಾವಣೆ ಅಕರಾ ಇಂಚು."

ಪಡಸಾಲೆಯ ಗೋಡೆಯ ಮೇಲೆ ಎಳೆದಳು. ನೆಲಕ್ಕೆ ಮೂರು ಕೋಲು, ಆ ಕಡೆಯಿಂದ ಮೂರು, ಈ ಕಡೆಯಿಂದ ಮೂರು. ಮೇಲೆ ತುದಿ ಕೂಡಿತು. ಇಷ್ಟು ದಿನದಲ್ಲಿ ಚೆನ್ನಾಗಿ ಎಳೆಯಲು ಕಲಿತಿದ್ದಾಳೆ.

"ಇಲ್ಲೆ ಕೂಡ್ರಿ ಕಾಕಾರ."

ಗೋಡೆಗೆ ಬೆನ್ನು ಹಚ್ಚಿ ಚಕ್ಕಳಮಕ್ಕಳ ಹಾಕಿ ಕೂತೆ. ತಿರುಗಿ ನೋಡುವಂತಿರಲಿಲ್ಲ, ಆದರೆ ಅವಳ ಮುಖ ನೋಡಿ ಗೊತ್ತಾಯಿತು. ನನ್ನ ತಲೆ ತುದಿ ದಾಟಿ ಮೇಲೆ ಹೋಗಿತ್ತು.

"ಅವರು ಕೂತ್ರ ನಿಮಗಿಂತ ನಾಕ ಬೊಟ್ಟ ಎತ್ತರ ಇದ್ರು" ಎಂದಳು. "ತಲಿ ಬಗ್ಗಿಸಿ ಕೂಡಿಸಿದ್ರೇನ್ರಿ?"

ಗುರುಸಿದ್ದವ್ವ ಬಾಗಿಲಲ್ಲಿ ನಿಂತಿದ್ದಳು. ಇದನ್ನು ಅವಳಿಗೂ ಹೇಳಿರಲಿಲ್ಲ.

ಹೇಳಿದೆ. ಅಗೆಯುವವರು ಮೂರು ಪಾದಕ್ಕೆ ಗುರುತು ಮಾಡಿದ್ದರು. ನಾನು ನೋಡಿದೆ, ಸಾಲುವುದಿಲ್ಲ. ಎರಡು ಬಾಜು ನಾಲ್ಕು ನಾಲ್ಕು ಪಾದ ಮಾಡಿರಿ ಎಂದೆ. ಮಣ್ಣು ಕೊಡಿಸಲು ಬಂದ ಅಯ್ಯನವರು, ಶಾಸ್ತ್ರ ಮೂರು ಎಂದರು. ಹಿರಿಯರೂ ಬೈದರು. ನಾನು ಕುಣಿಯಲ್ಲಿ ಇಳಿದು ಗುದ್ದಲಿ ಕಸಿದುಕೊಂಡೆ. ಶಾಸ್ತ್ರ ನನಗೆ ಗೊತ್ತಿಲ್ಲ, ಹುಡುಗ ಯಾರ ಮುಂದೆಯೂ ತಲೆ ಬಗ್ಗಿಸಿದವನಲ್ಲ, ಇಲ್ಲಿಯೂ ಬಗ್ಗಿಸುವುದಿಲ್ಲ ಎಂದೆ. ನಾನೇ ಅಗೆದೆ. ಅಯ್ಯನವರು ಆಮೇಲೆ ಸುಮ್ಮನಾದರು. ಕೆಳಗೆ ಮೂರು, ಎರಡು ಬಾಜು ನಾಲ್ಕು ನಾಲ್ಕು.

"ಸಮದ್ವಿಭುಜ" ಎಂದಳು ಇಂದು.

"ಹೌದವ್ವಾ."

ಹಳೆಯ ಗೆರೆ ಒರೆಸಿ ಮತ್ತೆ ಎಳೆದಳು. ಮತ್ತೆ ಕೂತೆ. ನನ್ನ ತಲೆಯ ಮೇಲೆ ಕೈಯಿಟ್ಟು ತುದಿಯವರೆಗೆ ಬೆರಳಿನಿಂದ ಅಳೆದಳು. ಎಂಟು ಬೊಟ್ಟು.

"ನಾಕ ಅವರಿಗೆ ಹೋದ್ರೂ ಇನ್ನೂ ನಾಕ ಉಳೀತಾವು."

"ಉಳದಿದ್ದುವು. ಬಿಲ್ವಪತ್ರಿ ಇಟ್ಟೆ."

ಆಗ ಅತ್ತಳು. ದಸರೆಯಿಂದ ಈಚೆಗೆ ಅವಳು ಅತ್ತದ್ದನ್ನು ನಾನು ನೋಡಿರಲಿಲ್ಲ. ಗುರುಸಿದ್ದವ್ವ ಬಂದು ಅವಳನ್ನು ಅವಚಿಕೊಂಡಳು. ನಾನು ಆ ತ್ರಿಕೋಣದಲ್ಲೇ ಕೂತಿದ್ದೆ.

೫ ಮಾರ್ಚ್

ಬೆಳಿಗ್ಗೆ ಪುಸ್ತಕ ತೆಗೆದಳು. ಗುರುಸಿದ್ದವ್ವ ನನಗೆ ಚಹಾ ಕೊಡುವಾಗ ಕಪ್ಪು-ಬಶಿ ಸಪ್ಪಳ ಮಾಡಲಿಲ್ಲ. ಗೋಡೆಯ ಮೇಲಿನ ಗೆರೆ ಯಾರೂ ಒರೆಸಿಲ್ಲ.

೧೯ ಮಾರ್ಚ್

ತ್ರಿಕೋಣ ಮುಗಿಯಿತು. ಈಗ ನಾನು ಕೇಳುತ್ತೇನೆ, ಅವಳು ಹೇಳುತ್ತಾಳೆ. ಅಂದರೆ ಪರೀಕ್ಷೆ ಮಾಡುವುದಕ್ಕಾಗಿ ಕೇಳುತ್ತೇನೆ. ಎರಡು ನನಗೆ ನಿಜವಾಗಿ ಗೊತ್ತಿರಲಿಲ್ಲ.

೧೨ ಏಪ್ರಿಲ್

ಗಣಿತದ ಪೇಪರು ಮುಗಿಯಿತು. ಶಾಲೆಯ ಮುಂದಿನ ಬೇವಿನ ಗಿಡದ ಕೆಳಗೆ ಕಾಯುತ್ತಿದ್ದೆ. ಇಂದು ಹೊರಗೆ ಬಂದಳು, ಮುಖ ಬಿಳುಚಿತ್ತು.

"ತ್ರಿಕೋಣದ್ದ ಬಂದಿತ್ತೇನ?"

"ಬಂದಿತ್ರಿ. ಪರಿಮಿತಿ ಕೊಟ್ಟಿದ್ರು, ಬಾಜೂ ಕೇಳಿದ್ರು. ಹನ್ನೆರಡ ಫೂಟ ಉತ್ತರ."

"ಮತ್ತ? ಸರಿ ಬರದಿಲ್ಲ?"

"ಹನ್ನೆರಡು ಪಾದ ಅಂತ ಬರದ್ನಿರಿ. ಪೇಪರ್ ಕೊಟ್ಟ ಮ್ಯಾಲ ನೆನಪಾತು."

ಅಲ್ಲೇ ಗಿಡದ ಬುಡದಲ್ಲಿ ಕೂತುಬಿಟ್ಟಳು. "ಅದೊಂದರ ಸಲವಾಗಿ ನಪಾಸ ಆದ್ರ?" ಎಂದಳು.

"ತಪಾಸ ಮಾಡಾಂವ ಶಾಣ್ಯಾ ಇರ್ತಾನ ಬಿಡು. ಫೂಟ ಅಂದ್ರೂ ಪಾದಾನ, ಪಾದ ಅಂದ್ರೂ ಪಾದಾನ. ಮಾರ್ಕ ಕಡಿದ್ರ ನಾ ಕೊಲ್ಹಾಪುರಕ್ಕ ಹೋಗಿ ಅವನ ಪಾದ ಅಳದ ಬರ್ತೀನಿ."

ಸ್ವಲ್ಪ ನಕ್ಕಳು. ಸೆರಗು ಬಾಯಿಗೆ ಒತ್ತಿಕೊಂಡು. ನಾನು ಮಾತ್ರ ದಾರಿಯುದ್ದಕ್ಕೂ ಆ ಒಂದು ಲೆಕ್ಕಕ್ಕೆ ಎಷ್ಟು ಮಾರ್ಕು ಎಂದು ಎಣಿಸುತ್ತ ಬಂದೆ.

೧೦ ಜೂನ್

ಪಾಸು.

ಗಣಿತದಲ್ಲಿ ಎಲ್ಲಕ್ಕಿಂತ ಹೆಚ್ಚು. ಆ ಪಾದಕ್ಕೆ ಮಾರ್ಕು ಕಡಿದರೋ ಬಿಟ್ಟರೋ ತಿಳಿಯುವ ದಾರಿಯಿಲ್ಲ. ಓಣಿಯ ತುಂಬ ಪೇಢೆ ಹಂಚಿದೆ. ನಾನೇ ಕಲಿಸಿದ್ದು ಎಂದು ಮೂರು ಮನೆಯಲ್ಲಿ ಹೇಳಿದೆ. ನಾಲ್ಕನೆಯ ಮನೆಯಲ್ಲಿ ಬಾಯಿ ಬರಲಿಲ್ಲ. "ಆಕೀನ ಕಲತಳು" ಎಂದೆ. ಅಲ್ಲಪ್ಪನೂ ಬಂದಿದ್ದ. ಈ ಸಲ ತಾನೇ ಒಂದು ಸೀರೆ ತಂದಿದ್ದ, ಬಿಳಿಯ ಬಣ್ಣಕ್ಕೆ ನೀಲಿ ಅಂಚು. ಶಾಲೆಯ ಬಾಯಿ ಉಡುವಂಥದ್ದು.

೨೦ ಜೂನ್

ಇಂದೂನ್ನ ಕೊಲ್ಹಾಪುರದಲ್ಲಿ ಬಿಟ್ಟು ಬಂದೆ. ಟ್ರಂಕು ನಾನೇ ಹೊತ್ತೆ. ಬಸ್‌ಸ್ಟ್ಯಾಂಡಿನಿಂದ ಹೋಗುವಾಗ ಚಪ್ಪಲಿಯ ಸಾಲು ಬಂತು. ಒಂದು ಅಂಗಡಿಯಿಂದ ಯಾರೋ ಅಳತೆ ಕೂಗಿದರು. ಏನು ಕೂಗಿದರೋ ಕೇಳಿಸಲಿಲ್ಲ. ಇಬ್ಬರೂ ನಿಂತೆವು, ಮತ್ತೆ ನಡೆದೆವು.

ಬಾಗಿಲ ಹತ್ತಿರ ನನ್ನ ಕಾಲು ಮುಟ್ಟಿದಳು. "ಕಾಕಾರ, ಕೋಲ ನಾ ತಂದೇನಿ. ಕೇಳಲಾರದ ತಂದೆ."

"ನಿಂದ ಐತೆವ್ವಾ."

"ಹುಡುಗರಿಗೆ ಗೀಟ ಹಾಕಿ ತೋರಸಾಕ ಬೇಕಲ್ರಿ."

"ಇದ ಒಂದ ಫೂಟ ಅಂತ ಮಾತ್ರ ಹೇಳಬ್ಯಾಡ. ಒಬ್ಬ ಮುದುಕ ಹಂಗ ಹೇಳಿ ಸಿಕ್ಕಬಿದ್ದಿದ್ದ."

ತಿರುಗಿ ಬರುವ ಬಸ್ಸಿನಲ್ಲಿ ಮಳೆ ಹತ್ತಿತು. ಬಾಜೂ ಸೀಟು ಖಾಲಿ ಇತ್ತು. ಯಾರೋ ಕೂಡಲು ಬಂದರೆ, ಜನ ಇದ್ದಾರೆ ಎಂದು ಹೇಳಿದೆ.

೨೫ ಜೂನ್

ಮನೆಯಲ್ಲಿ ಇಬ್ಬರು. ಪಡಸಾಲೆಯಲ್ಲಿ ಹಾರದೆ ನಡೆಯಬಹುದು. ಗುರುಸಿದ್ದವ್ವ ಅಭ್ಯಾಸದಿಂದ ಒಮ್ಮೆ ಹಾರಿದಳು. ನಾನು ನೋಡದವನ ಹಾಗೆ ಕೂತೆ.

ಜಂತಿಯ ಸಂದಿ ಖಾಲಿ ಕಾಣುತ್ತಿತ್ತು. ಹಿತ್ತಲಿನಿಂದ ಒಂದು ಬಿದಿರು ತಂದೆ. ನನ್ನ ಪಾದಕ್ಕೆ ಹಿಡಿದು ಗುರುತು ಮಾಡಿ, ಕುಡಗೋಲಿನಿಂದ ಕೊಯ್ದೆ. ಮುಂದೆ ಯಾರಾದರೂ ಅವಸರದಲ್ಲಿ ಹುಡುಕುವುದು ಬೇಡ. ಬಾಜೂ ಮನೆಯ ಫೂಟಪಟ್ಟಿ ತರಿಸಿ ಅಳೆದೆ. ಸಾಡೆ ದಹಾ. ಹತ್ತೂವರೆ.

ಮತ್ತೊಮ್ಮೆ ಅಳೆದೆ. ಹತ್ತೂವರೆಯೇ.

ಶಂಕರಲಿಂಗನದು ದೊಡ್ಡದಿತ್ತು. ಕಾಲು ಇಂಚು.

ಗುರುಸಿದ್ದವ್ವನಿಗೆ ಹೇಳಿ ಇಡಬೇಕು: ನನಗೆ ನಾಲ್ಕು ನಾಲ್ಕು ಎಂದು ಯಾರೂ ಅಯ್ಯನವರ ಜೋಡಿ ಜಗಳಾಡುವುದು ಬೇಡ. ಮೂರೇ ಸಾಕು. ಸ್ವಲ್ಪ ತಲೆ ಬಗ್ಗಿಸಿ ಕೂತರಾಯಿತು.